ಕಹಾಲನ ಗ್ರಂಥಗಳು ಮತ್ತು ನಾವು ಓದದೆ ಬಿಟ್ಟ ಮಾತು

(ನಮ್ಮ ಕನ್ನಡ ಕೂಟದ ಉಪನ್ಯಾಸಮಾಲೆಯಲ್ಲಿ ನೀಡಿದ ಉಪನ್ಯಾಸದ ಲಿಖಿತ ರೂಪ. ಉಪನ್ಯಾಸಕರು ವೃತ್ತಿಯಿಂದ ನರರೋಗ ತಜ್ಞರು. – ಸಂ.)



ಸಾಹಿತಿಗಳೂ ಸಂಗೀತ ವಿದ್ವಾಂಸರೂ ನಿಂತು ಮಾತನಾಡುವ ಈ ವೇದಿಕೆಗೆ ಈ ಸಲ ವೈದ್ಯನೊಬ್ಬನನ್ನು ಕರೆದಿದ್ದೀರಿ. ತುಪ್ಪ ಬಿಡಿ, ಉಪ್ಪು ಕಡಿಮೆ ಮಾಡಿ, ದಿನವೂ ನಡೆಯಿರಿ ಎಂದು ಉಪದೇಶ ಮಾಡುತ್ತಾನೆಂದು ನೀವು ಅಂಜಿದ್ದರೆ ಆ ಅಂಜಿಕೆ ಬೇಡ. ನಾನು ಇಂದು ಹೇಳಹೊರಟಿರುವುದು ಕೆಲವು ಪುಸ್ತಕಗಳ ಕಥೆಯನ್ನು. ಮಿದುಳು ಮತ್ತು ನರಮಂಡಲ ಭ್ರೂಣದಲ್ಲಿ ಹೇಗೆ ಬೆಳೆಯುತ್ತವೆ, ಗಾಯಗೊಂಡಾಗ ಅವುಗಳ ಗತಿ ಏನಾಗುತ್ತದೆ ಎಂಬುದನ್ನು ಕುರಿತು ಸ್ಪೇನ್ ದೇಶದ ವೈದ್ಯನೊಬ್ಬನು ಬರೆದ ಪುಸ್ತಕಗಳು ಅವು. ಆತನ ಹೆಸರು ಸಾಂತಿಯಾಗೊ ರಮೋನ್ ಇ ಕಹಾಲ್.

ಈ ಪುಸ್ತಕಗಳಲ್ಲಿ ನನಗೆ ಆಸಕ್ತಿ ಹುಟ್ಟಿದ್ದು ಪಾಂಡಿತ್ಯದ ಹಂಬಲದಿಂದಲ್ಲ, ನಾನು ಮಾಡಿದ ಒಂದು ತಪ್ಪಿನಿಂದ. ಆದುದರಿಂದ ಮೊದಲು ಅದನ್ನೇ ಹೇಳಿಬಿಡುತ್ತೇನೆ.

ಎಂ.ಬಿ.ಬಿ.ಎಸ್. ಮುಗಿಸಿ ಹೌಸ್ ಸರ್ಜನ್ ಆಗಿದ್ದ ವರ್ಷದ ಮಾತು. ಮಲೆನಾಡಿನ ಕಡೆಯಿಂದ, ಸುಮಾರು ಮೂವತ್ತೈದರ ಪ್ರಾಯದ ಒಬ್ಬರನ್ನು ಜೀಪಿನಲ್ಲಿ ಮಲಗಿಸಿ ಆಸ್ಪತ್ರೆಗೆ ತಂದರು. ಕೊಳೆರೋಗಕ್ಕೆ ಔಷಧಿ ಹೊಡೆಯಲು ಮಳೆಗಾಲದಲ್ಲಿ ಅಡಿಕೆ ಮರ ಹತ್ತಿದ್ದವರು ಜಾರಿ ಬಿದ್ದಿದ್ದರು. ಬೆನ್ನುಮೂಳೆ ಮುರಿದು ಬೆನ್ನುಹುರಿಗೆ ಪೆಟ್ಟಾಗಿತ್ತು. ಸೊಂಟದಿಂದ ಕೆಳಗೆ ಚಲನೆಯೂ ಇರಲಿಲ್ಲ, ಸ್ಪರ್ಶವೂ ಇರಲಿಲ್ಲ. ಮೂರನೆಯ ವಾರದಲ್ಲಿ ಒಂದು ದಿನ ಅವರ ಹೆಂಡತಿ ವಾರ್ಡಿನ ಬಾಗಿಲಲ್ಲಿ ನನ್ನನ್ನು ನಿಲ್ಲಿಸಿ, "ಡಾಕ್ಟ್ರೇ, ಇವರಿಗೆ ಕಾಲು ಯಾವಾಗ ಬರ್ತದೆ?" ಎಂದು ಕೇಳಿದರು. ನಾನು, "ನರ ಒಮ್ಮೆ ಸತ್ತರೆ ಸತ್ತ ಹಾಗೆಯೇ ಅಮ್ಮಾ, ಮತ್ತೆ ಹುಟ್ಟುವುದಿಲ್ಲ. ಇನ್ನು ಏನೂ ಮಾಡುವ ಹಾಗಿಲ್ಲ. ಮನೆಗೆ ಕರೆದುಕೊಂಡು ಹೋಗಿ" ಎಂದೆ. ಪಠ್ಯಪುಸ್ತಕದಲ್ಲಿ ಓದಿದ್ದನ್ನೇ ಹೇಳಿದೆನೆಂಬ ಧೈರ್ಯ ನನಗಿತ್ತು.

ಅವರು ಏನೂ ಮಾಡಲಿಲ್ಲ. ಮಾಡುವಂಥದ್ದು ಏನೂ ಇಲ್ಲವೆಂದು ಡಾಕ್ಟರೇ ಹೇಳಿದ ಮೇಲೆ ಯಾರು ತಾನೆ ಏನು ಮಾಡಿಯಾರು? ನಾಲ್ಕು ತಿಂಗಳ ಬಳಿಕ ಅದೇ ವ್ಯಕ್ತಿಯನ್ನು ಮತ್ತೆ ಕರೆತಂದರು. ಬೆನ್ನಿನ ಕೆಳಭಾಗದಲ್ಲಿ ಮೂಳೆ ಕಾಣುವಷ್ಟು ಆಳದ ಹಾಸಿಗೆ ಹುಣ್ಣು, ಮೂತ್ರದ ಸೋಂಕು, ವಿಪರೀತ ಜ್ವರ. ಒಂದು ವಾರದೊಳಗೆ ತೀರಿಕೊಂಡರು. ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಬೇಕು, ಮೂತ್ರಕೋಶವನ್ನು ಹೊತ್ತು ಹೊತ್ತಿಗೆ ಬರಿದುಮಾಡಬೇಕು, ಉಳಿದಿರುವ ಕೈಗಳ ಬಲವನ್ನು ಹೆಚ್ಚಿಸಬೇಕು ಎಂದು ಆ ಹೆಣ್ಣುಮಗಳಿಗೆ ನಾನು ಹೇಳಿರಲಿಲ್ಲ. ಬೆನ್ನುಹುರಿ ಕೂಡಿಕೊಳ್ಳಲಿಲ್ಲವೆಂದು ಸತ್ತವರಲ್ಲ ಅವರು. ಕೂಡಿಕೊಳ್ಳುವುದಿಲ್ಲ ಎಂಬ ಮಾತಿನ ಮುಂದೆ ನಾವೆಲ್ಲ ಕೈಚೆಲ್ಲಿ ಕುಳಿತದ್ದರಿಂದ ಸತ್ತರು.

ಕೆಲವು ವರ್ಷಗಳ ಮೇಲೆ ಈ ದೇಶಕ್ಕೆ ಬಂದು ರೆಸಿಡೆನ್ಸಿ ಮಾಡುತ್ತಿದ್ದಾಗ, ರಾತ್ರಿಪಾಳಿಯ ನಡುವಿನ ಬಿಡುವಿನಲ್ಲಿ ಗ್ರಂಥಾಲಯದ ಕಪಾಟಿನಲ್ಲಿ ದಪ್ಪನೆಯ ಪುಸ್ತಕವೊಂದು ಕೈಗೆ ಸಿಕ್ಕಿತು. ನರಮಂಡಲದ ಕ್ಷಯ ಮತ್ತು ಪುನರುತ್ಪತ್ತಿಯನ್ನು ಕುರಿತು ಕಹಾಲನು ಬರೆದ ಗ್ರಂಥದ ಇಂಗ್ಲಿಷ್ ಅನುವಾದ, 1991ರಲ್ಲಿ ಮತ್ತೆ ಅಚ್ಚಾದದ್ದು. ನಾನು ಆ ತಾಯಿಗೆ ಹೇಳಿದ ಮಾತಿನ ಮೂಲ ಅದರಲ್ಲಿತ್ತು. ಆದರೆ ಆ ಮಾತು ನಾನು ನಿಲ್ಲಿಸಿದ ಜಾಗದಲ್ಲಿ ನಿಂತಿರಲಿಲ್ಲ. ಅದರ ಮುಂದೆ ಇನ್ನೂ ಒಂದು ಮಾತಿತ್ತು. ಆ ಮಾತೇನು, ಅದು ನಮ್ಮವರೆಗೆ ಏಕೆ ತಲುಪಲಿಲ್ಲ ಎಂಬುದೇ ಇಂದಿನ ನನ್ನ ಉಪನ್ಯಾಸ.

ಕಹಾಲನು ಹುಟ್ಟಿದ್ದು 1852ರ ಮೇ 1ರಂದು, ಸ್ಪೇನಿನ ಪೆತಿಲ್ಯಾ ದೆ ಅರಗೋನ್ ಎಂಬ ಬೆಟ್ಟದ ಹಳ್ಳಿಯಲ್ಲಿ. ತಂದೆ ಹಳ್ಳಿಯ ಶಸ್ತ್ರವೈದ್ಯ. ಮಗನಿಗೆ ಚಿತ್ರ ಬರೆಯುವ ಹುಚ್ಚು; ತಂದೆಗೆ ಅವನನ್ನು ವೈದ್ಯನನ್ನಾಗಿ ಮಾಡುವ ಹಟ. ಹುಡುಗ ಮಹಾ ತುಂಟ. ಹನ್ನೊಂದನೆಯ ವಯಸ್ಸಿನಲ್ಲಿ ತಾನೇ ಮಾಡಿದ ಫಿರಂಗಿಯಿಂದ ನೆರೆಯವರ ಬಾಗಿಲನ್ನು ಒಡೆದು ಕೆಲವು ದಿನ ಸೆರೆಮನೆ ಕಂಡವನು. ಕ್ಷೌರಿಕನ ಬಳಿ ಕೆಲಸಕ್ಕೆ ಇಟ್ಟದ್ದಾಯಿತು, ಚಮ್ಮಾರನ ಬಳಿ ಇಟ್ಟದ್ದಾಯಿತು. ಕೊನೆಗೆ ತಂದೆ ಒಂದು ಉಪಾಯ ಮಾಡಿದನು. 1868ರ ಬೇಸಗೆಯಲ್ಲಿ ಮಗನನ್ನು ಹಳೆಯ ಸ್ಮಶಾನಕ್ಕೆ ಕರೆದೊಯ್ದು, ಮೂಳೆಗಳನ್ನು ಆರಿಸಿ ತಂದು, ಅವುಗಳ ಚಿತ್ರ ಬರೆಯಲು ಹೇಳಿದನು. ಚಿತ್ರದ ಮೋಹವೇ ಹುಡುಗನನ್ನು ಅಂಗರಚನಾಶಾಸ್ತ್ರದ ದಾರಿಗೆ ತಂದಿತು.

1873ರಲ್ಲಿ ವೈದ್ಯಪದವಿ. ಮರುವರ್ಷ ಸೈನ್ಯದ ವೈದ್ಯನಾಗಿ ಕ್ಯೂಬಾ ದ್ವೀಪಕ್ಕೆ. ಅಲ್ಲಿ ಮಲೇರಿಯ ಹಿಡಿದು, ಸೊರಗಿ ಹಿಂದಿರುಗಿದನು. ಉಳಿಸಿದ ಸಂಬಳದಲ್ಲಿ ಒಂದು ಸೂಕ್ಷ್ಮದರ್ಶಕ ಕೊಂಡು ಮನೆಯಲ್ಲೇ ಕೆಲಸ ತೊಡಗಿದನು. 1885ರಲ್ಲಿ ವೆಲೆನ್ಸಿಯ ಪ್ರಾಂತದಲ್ಲಿ ಕಾಲರಾ ಹಬ್ಬಿದಾಗ ಅವನು ಮಾಡಿದ ಸಂಶೋಧನೆಗೆ ಮೆಚ್ಚಿ ಸರಗೋಸದ ಪ್ರಾಂತೀಯ ಆಡಳಿತವು ಉತ್ತಮವಾದ ಸೈಸ್ ಸೂಕ್ಷ್ಮದರ್ಶಕವೊಂದನ್ನು ಬಹುಮಾನವಾಗಿ ಕೊಟ್ಟಿತು. ಅಂದಿನ ಸ್ಪೇನ್ ವಿಜ್ಞಾನದಲ್ಲಿ ಹಿಂದುಳಿದ ದೇಶ. ಬರ್ಲಿನ್, ಪ್ಯಾರಿಸ್, ವಿಯೆನ್ನಾಗಳ ವಿದ್ವಾಂಸರು ಮ್ಯಾಡ್ರಿಡ್ ಕಡೆಗೆ ತಿರುಗಿಯೂ ನೋಡುತ್ತಿರಲಿಲ್ಲ ಎಂಬುದನ್ನು ನೆನಪಿನಲ್ಲಿಡಬೇಕು.

ಆ ಕಾಲದ ದೊಡ್ಡ ಪ್ರಶ್ನೆ ಇದು: ಮಿದುಳು ಯಾವುದರಿಂದ ಆಗಿದೆ? ದೇಹದ ಉಳಿದ ಅಂಗಗಳೆಲ್ಲ ಬಿಡಿ ಬಿಡಿ ಜೀವಕೋಶಗಳಿಂದ ಆಗಿವೆಯೆಂದು ಎಲ್ಲರೂ ಒಪ್ಪಿದ್ದರು. ಮಿದುಳು ಮಾತ್ರ ಇದಕ್ಕೆ ಹೊರತು, ಅದು ಎಲ್ಲೂ ತುಂಡಾಗದ ಒಂದೇ ಬಲೆ, ಅದರ ತಂತುಗಳೆಲ್ಲ ಒಂದರೊಳಗೊಂದು ಬೆಸೆದುಕೊಂಡಿವೆ ಎಂಬುದು ಬಹುಮಂದಿಯ ಅಭಿಪ್ರಾಯ. ಇದಕ್ಕೆ ಜಾಲ ಸಿದ್ಧಾಂತ ಎನ್ನೋಣ. ಹಿಸ್ ಮತ್ತು ಫೋರೆಲ್ ಎಂಬ ಇಬ್ಬರು ವಿದ್ವಾಂಸರು 1886 ಮತ್ತು 1887ರಲ್ಲಿ ಇದನ್ನು ಸಂಶಯಿಸಿದ್ದರು. ಆದರೆ ಕಣ್ಣಿಗೆ ಕಾಣುವ ಸಾಕ್ಷ್ಯ ಸಾಲದಾಗಿತ್ತು.

ಸಾಕ್ಷ್ಯ ಒದಗಿಸಬಲ್ಲ ಸಾಧನ ಹುಟ್ಟಿದ್ದು ಇಟಲಿಯಲ್ಲಿ. ಕಮಿಲ್ಲೊ ಗೋಲ್ಜಿ ಎಂಬ ವೈದ್ಯ, ನಾವು ಕಾಲೇಜಿನಲ್ಲಿ ಗಾಲ್ಗಿ ಎನ್ನುತ್ತಿದ್ದೆವಲ್ಲ ಅವನೇ, ವಾಸಿಯಾಗದ ರೋಗಿಗಳ ಆಸ್ಪತ್ರೆಯೊಂದರ ಅಡುಗೆಕೋಣೆಯನ್ನು ಪ್ರಯೋಗಶಾಲೆ ಮಾಡಿಕೊಂಡಿದ್ದನು. ಪೊಟ್ಯಾಸಿಯಂ ಡೈಕ್ರೋಮೇಟಿನಲ್ಲಿ ಗಟ್ಟಿಮಾಡಿದ ಮಿದುಳಿನ ತುಣುಕನ್ನು ಸಿಲ್ವರ್ ನೈಟ್ರೇಟಿನಲ್ಲಿ ನೆನೆಸಿದರೆ ನೂರಾರು ಕೋಶಗಳ ನಡುವೆ ಕೆಲವೇ ಕೆಲವು ಮಾತ್ರ ಕಪ್ಪಾಗಿ, ರೆಂಬೆಕೊಂಬೆಗಳ ಸಮೇತ, ಹಳದಿ ಹಿನ್ನೆಲೆಯಲ್ಲಿ ಎದ್ದು ಕಾಣುತ್ತವೆ ಎಂದು 1873ರಲ್ಲಿ ಅವನು ಕಂಡುಹಿಡಿದನು. ಎಲ್ಲವೂ ಕಪ್ಪಾಗಿದ್ದರೆ ಮಸಿಯೇ ಹೊರತು ಮತ್ತೇನೂ ಕಾಣುತ್ತಿರಲಿಲ್ಲ. ಸೋಜಿಗವೆಂದರೆ ಗೋಲ್ಜಿ ಕೊನೆಯವರೆಗೂ ಜಾಲ ಸಿದ್ಧಾಂತವನ್ನೇ ನಂಬಿದ್ದನು.

1887ರಲ್ಲಿ ಕಹಾಲನು ಮ್ಯಾಡ್ರಿಡಿನಲ್ಲಿ ಸಿಮಾರೊ ಎಂಬ ವೈದ್ಯನ ಮನೆಯಲ್ಲಿ ಈ ವಿಧಾನದ ಸ್ಲೈಡುಗಳನ್ನು ನೋಡಿ ಬೆರಗಾದನು. ಊರಿಗೆ ಮರಳಿ ಅದನ್ನು ತಿದ್ದಿ, ಎರಡೆರಡು ಬಾರಿ ಬೆಳ್ಳಿ ಕುಡಿಸುವ ಕ್ರಮವನ್ನು ರೂಢಿಗೆ ತಂದನು. ಆದರೆ ಅವನ ನಿಜವಾದ ಜಾಣತನ ರಾಸಾಯನಿಕದಲ್ಲಿರಲಿಲ್ಲ, ಯಾವ ಮಿದುಳನ್ನು ನೋಡಬೇಕೆಂಬ ಆಯ್ಕೆಯಲ್ಲಿತ್ತು. ಬಲಿತ ಮಿದುಳಿನಲ್ಲಿ ತಂತುಗಳು ದಟ್ಟವಾಗಿ ಹೆಣೆದುಕೊಂಡಿರುತ್ತವೆ. ಅನೇಕ ತಂತುಗಳ ಮೇಲೆ ಕೊಬ್ಬಿನ ಹೊದಿಕೆ ಇರುವುದರಿಂದ ಬೆಳ್ಳಿ ಒಳಗೆ ಇಳಿಯುವುದಿಲ್ಲ. ಭ್ರೂಣದಲ್ಲಾದರೋ ತಂತುಗಳು ಕಡಿಮೆ, ಗಿಡ್ಡ, ಹೊದಿಕೆಯಿಲ್ಲದವು. ತುಂಬಿ ಬೆಳೆದ ಕಾಡಿನಲ್ಲಿ ದಾರಿ ತಪ್ಪುವ ಬದಲು ಎಳೆಯ ಸಸಿಗಳ ತೋಪನ್ನೇಕೆ ನೋಡಬಾರದು ಎಂಬ ಹೋಲಿಕೆಯನ್ನು ಅವನೇ ತನ್ನ ಆತ್ಮಕಥೆಯಲ್ಲಿ ಕೊಟ್ಟಿದ್ದಾನೆ. ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮರದ ಬೇರು ಹೇಗೆ ಹರಡುತ್ತದೆಂದು ತಿಳಿಯಲು ನೂರು ವರ್ಷದ ಆಲವನ್ನು ಅಗೆಯುವವರು ಯಾರೂ ಇಲ್ಲ. ಸಸಿಮಡಿಯಿಂದ ಒಂದು ಸಸಿ ಕಿತ್ತು ನೋಡಿದರಾಯಿತು.

ಹೀಗೆ ಕೋಳಿಮೊಟ್ಟೆಯೊಳಗಿನ ಭ್ರೂಣ, ಆಗತಾನೆ ಹುಟ್ಟಿದ ಮರಿಗಳ ಮಿದುಳು, ಇವುಗಳಿಂದ ನರಮಂಡಲದ ರಹಸ್ಯ ಬಿಚ್ಚಿಕೊಂಡಿತು. ಪ್ರತಿಯೊಂದು ನರಕೋಶವೂ ಸ್ವತಂತ್ರ ಘಟಕ. ಅದು ಇನ್ನೊಂದನ್ನು ಮುಟ್ಟುತ್ತದೆ, ಆದರೆ ಅದರೊಳಗೆ ಬೆರೆತುಹೋಗುವುದಿಲ್ಲ. 1890ರಲ್ಲಿ ಅವನು ಇನ್ನೂ ಒಂದು ಸಂಗತಿ ಕಂಡನು. ಕೋಳಿಭ್ರೂಣದ ಬೆನ್ನುಹುರಿಯಲ್ಲಿ ಬೆಳೆಯುತ್ತಿರುವ ಪ್ರತಿ ನರತಂತುವಿನ ತುದಿಯೂ ಉಬ್ಬಿ ಶಂಕುವಿನ ಆಕಾರ ತಾಳಿತ್ತು. ಈ ತುದಿಯೇ ಎದುರಿಗಿರುವ ಅಡೆತಡೆಗಳ ನಡುವೆ ನುಸುಳಿಕೊಂಡು ದಾರಿ ಮಾಡಿಕೊಂಡು ಹೋಗುತ್ತದೆ ಎಂದು ಅವನು ತರ್ಕಿಸಿ ಅದಕ್ಕೆ ಬೆಳವಣಿಗೆಯ ಶಂಕು ಎಂದು ಹೆಸರಿಟ್ಟನು. ಅವನ ಕಣ್ಣೆದುರಿಗಿದ್ದುದು ಸತ್ತ, ಕೊಯ್ದ, ಗಾಜಿನ ಮೇಲೆ ಅಂಟಿಸಿದ ತುಣುಕು. ಅದರಲ್ಲಿ ಚಲನೆಯನ್ನು ಕಂಡದ್ದು ಅವನೊಳಗಿನ ಚಿತ್ರಕಾರನಿರಬೇಕು. 1907ರಲ್ಲಿ ಅಮೆರಿಕದ ರಾಸ್ ಹ್ಯಾರಿಸನ್ ಕಪ್ಪೆಭ್ರೂಣದ ಚೂರನ್ನು ದ್ರವದ ಹನಿಯೊಂದರಲ್ಲಿ ಜೀವಂತವಾಗಿಟ್ಟು ನೋಡಿದಾಗ ತಂತುವಿನ ತುದಿ ನಿಜವಾಗಿಯೂ ಚಲಿಸುತ್ತಿತ್ತು.

ಸತ್ಯ ಕಂಡದ್ದಾಯಿತು. ಅದನ್ನು ಹೇಳುವುದು ಯಾರಿಗೆ, ಯಾವ ಭಾಷೆಯಲ್ಲಿ? ವಿಜ್ಞಾನದ ಭಾಷೆ ಜರ್ಮನ್, ಇಲ್ಲವಾದರೆ ಫ್ರೆಂಚ್. ಸ್ಪ್ಯಾನಿಷ್ ಓದುವ ವಿಜ್ಞಾನಿ ಆ ದೇಶಗಳಲ್ಲಿ ಇರಲಿಲ್ಲವೆಂದೇ ಹೇಳಬೇಕು. ಕಹಾಲನು 1888ರ ಮೇ ತಿಂಗಳಲ್ಲಿ ಸ್ವಂತ ಹಣದಿಂದ ತನ್ನದೇ ತ್ರೈಮಾಸಿಕ ಪತ್ರಿಕೆಯೊಂದನ್ನು ಹೊರಡಿಸಿದನು. ಮೊದಲ ಸಂಚಿಕೆಯ ಲೇಖನಗಳೆಲ್ಲ ಅವನವೇ. ಕಲ್ಲಚ್ಚಿನ ಚಿತ್ರಗಳನ್ನೂ ಅವನೇ ಬರೆದನು. ಅಚ್ಚಾದದ್ದು 60 ಪ್ರತಿ. ಬಹುಪಾಲನ್ನು ಹೊರದೇಶದ ವಿದ್ವಾಂಸರಿಗೆ ಅಂಚೆಯಲ್ಲಿ ಕಳುಹಿಸಿದನು. ಉತ್ತರ ಬರಲಿಲ್ಲ. 60 ಪ್ರತಿಯ ಪತ್ರಿಕೆ ಎಂದರೇನೆಂದು ಈ ಸಭೆಯಲ್ಲಿರುವ ನಮ್ಮ ಸಂಪಾದಕರಿಗೆ ಚೆನ್ನಾಗಿ ಗೊತ್ತು!

ಆಗ ಅವನು 1889ರ ಅಕ್ಟೋಬರಿನಲ್ಲಿ ತನ್ನ ಸೂಕ್ಷ್ಮದರ್ಶಕವನ್ನೂ ಸ್ಲೈಡುಗಳನ್ನೂ ಕಟ್ಟಿಕೊಂಡು ಬರ್ಲಿನ್ನಿಗೆ, ಜರ್ಮನ್ ಅಂಗರಚನಾಶಾಸ್ತ್ರಜ್ಞರ ಸಮ್ಮೇಳನಕ್ಕೆ ಹೋದನು. ಜರ್ಮನ್ ಬಾರದು, ತೊದಲು ಫ್ರೆಂಚಿನಲ್ಲೇ ಒಬ್ಬೊಬ್ಬರನ್ನೂ ಕರೆದು ಕಣ್ಣಾರೆ ನೋಡಲು ಬೇಡಿಕೊಂಡನು. ಅವರಲ್ಲಿ ಒಬ್ಬನು ಎಪ್ಪತ್ತೆರಡು ವಯಸ್ಸಿನ ಆಲ್ಬರ್ಟ್ ಫಾನ್ ಕೋಲಿಕರ್, ಆ ಶಾಸ್ತ್ರದ ಭೀಷ್ಮ. ಅವನೂ ಜಾಲ ಸಿದ್ಧಾಂತದ ಕಡೆಯವನೇ. ಮಸೂರದಲ್ಲಿ ಕಣ್ಣಿಟ್ಟು ನೋಡಿದ ಮೇಲೆ ತನ್ನ ಹಳೆಯ ಅಭಿಪ್ರಾಯವನ್ನು ಬಿಟ್ಟುಕೊಟ್ಟನು. ಅಷ್ಟೇ ಅಲ್ಲ, ಕಹಾಲನ ಬರಹಗಳನ್ನು ಮೂಲದಲ್ಲೇ ಓದಬೇಕೆಂದು ಆ ವಯಸ್ಸಿನಲ್ಲಿ ಸ್ಪ್ಯಾನಿಷ್ ಕಲಿತನು. ನನ್ನ ಮಟ್ಟಿಗೆ ವಿಜ್ಞಾನದ ಇತಿಹಾಸದಲ್ಲಿ ಇದಕ್ಕಿಂತ ದೊಡ್ಡ ಸೌಜನ್ಯದ ಪ್ರಸಂಗವಿಲ್ಲ. 1891ರಲ್ಲಿ ವಾಲ್ಡೇಯರ್ ಎಂಬ ಜರ್ಮನ್ ವಿದ್ವಾಂಸನು ಈ ಘಟಕಕ್ಕೆ ನ್ಯೂರಾನ್ ಎಂದು ನಾಮಕರಣ ಮಾಡಿದನು. 1894ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿ ಕಹಾಲನನ್ನು ಉಪನ್ಯಾಸಕ್ಕೆ ಕರೆಯಿತು.

ಇನ್ನು ಅವನ ಗ್ರಂಥಗಳಿಗೆ ಬರೋಣ. ಮನುಷ್ಯ ಮತ್ತು ಕಶೇರುಕಗಳ ನರಮಂಡಲದ ರಚನೆಯನ್ನು ಕುರಿತ ಮಹಾಗ್ರಂಥ 1899ರಿಂದ 1904ರವರೆಗೆ ಸ್ಪ್ಯಾನಿಷಿನಲ್ಲಿ ಸಂಪುಟಗಳಾಗಿ ಹೊರಬಂದಿತು. ಎಂಟುನೂರಕ್ಕೂ ಹೆಚ್ಚು ಚಿತ್ರಗಳು. ಇದನ್ನು ಅಜೂಲೆ ಎಂಬ ವೈದ್ಯನು ಫ್ರೆಂಚಿಗೆ ತಂದನು. ಕಹಾಲನೇ ಪರಿಷ್ಕರಿಸಿ ಹಿಗ್ಗಿಸಿದ ಆ ಆವೃತ್ತಿ 1909 ಮತ್ತು 1911ರಲ್ಲಿ ಪ್ರಕಟವಾಯಿತು. ಜಗತ್ತು ಓದಿದ್ದು ಇದನ್ನೇ. ಇಂಗ್ಲಿಷಿಗೆ ಇದು ಪೂರ್ತಿಯಾಗಿ ಬಂದದ್ದು 1995ರಲ್ಲಿ! ಭ್ರೂಣದಲ್ಲಿ ನರಗಳು ಹುಟ್ಟಿ ಬೆಳೆಯುವ ಬಗೆಯನ್ನೇ ಕುರಿತ ಅವನ ಲೇಖನಗಳು 1929ರಲ್ಲಿ ಫ್ರೆಂಚಿನಲ್ಲಿ ಪುಸ್ತಕವಾದವು. ಅದರ ಇಂಗ್ಲಿಷ್ ಅನುವಾದ 1960ರಲ್ಲಿ. ನರವಿಜ್ಞಾನದ ಮೂಲಗ್ರಂಥಗಳೆಂದು ಎಲ್ಲರೂ ಕೈಮುಗಿಯುವ ಈ ಪುಸ್ತಕಗಳನ್ನು ಇಂಗ್ಲಿಷ್ ಮಾತ್ರ ಬಲ್ಲ ತಲೆಮಾರುಗಳು ಮೂಲದಿಂದಲ್ಲ, ಬೇರೆಯವರು ಎತ್ತಿಕೊಟ್ಟ ಸಾರಾಂಶಗಳಿಂದಲೇ ತಿಳಿದುಕೊಂಡವು. ಸಾರಾಂಶ ಬರೆಯುವವನು ಎಲ್ಲಿ ನಿಲ್ಲಿಸಿದನೋ ಓದುಗನೂ ಅಲ್ಲಿಯೇ ನಿಂತನು.

1906ರಲ್ಲಿ ನೊಬೆಲ್ ಬಹುಮಾನ ಗೋಲ್ಜಿ ಮತ್ತು ಕಹಾಲರಿಗೆ ಒಟ್ಟಿಗೆ ಬಂದಿತು. ಅದೂ ಒಂದು ವಿನೋದ. ಡಿಸೆಂಬರ್ 11ರಂದು ಸ್ಟಾಕ್‌ಹೋಮಿನ ವೇದಿಕೆಯಲ್ಲಿ ಗೋಲ್ಜಿ ನರಕೋಶ ಸಿದ್ಧಾಂತವನ್ನು ಖಂಡಿಸಿ ಮಾತನಾಡಿದನು; ಮರುದಿನ ಅದೇ ವೇದಿಕೆಯಲ್ಲಿ ಕಹಾಲನು ಅದನ್ನು ಸಮರ್ಥಿಸಿದನು. ಕೋಶಗಳ ನಡುವಿನ ಸಂದು 1950ರ ದಶಕದಲ್ಲಿ ಎಲೆಕ್ಟ್ರಾನ್ ಸೂಕ್ಷ್ಮದರ್ಶಕದಲ್ಲಿ ಕಂಡಾಗ ಉಳಿದಿದ್ದ ಸಂಶಯವೂ ಕಳೆಯಿತು.

ಈಗ ನಾನು ಗ್ರಂಥಾಲಯದಲ್ಲಿ ಕಂಡ ಆ ಪುಸ್ತಕ. ಭ್ರೂಣದಲ್ಲಿ ನರ ಬೆಳೆಯುವುದನ್ನು ಕಂಡವನಿಗೆ ಸಹಜವಾಗಿ ಮುಂದಿನ ಪ್ರಶ್ನೆ ಹುಟ್ಟಿತು. ಕೈಯ ನರ ತುಂಡಾದರೆ ಅದು ದಿನಕ್ಕೆ ಸುಮಾರು ಒಂದು ಮಿಲಿಮೀಟರಿನಂತೆ ಮತ್ತೆ ಬೆಳೆಯುತ್ತದೆ. ಮಿದುಳಿನಲ್ಲೂ ಬೆನ್ನುಹುರಿಯಲ್ಲೂ ಹಾಗೇಕೆ ಆಗುವುದಿಲ್ಲ? ವರ್ಷಗಟ್ಟಲೆ ಪ್ರಯೋಗ ಮಾಡಿ 1913 ಮತ್ತು 1914ರಲ್ಲಿ ಎರಡು ಸಂಪುಟಗಳನ್ನು ಹೊರತಂದನು. ಅಚ್ಚಿನ ಖರ್ಚು ಕೊಟ್ಟವರು ಯಾರು ಗೊತ್ತೇ? ಸ್ಪೇನಿನ ಸರ್ಕಾರವಲ್ಲ. ಸ್ಪೇನನ್ನು ಬಿಟ್ಟು ಅರ್ಜೆಂಟೀನದಲ್ಲಿ ನೆಲೆಸಿ ವೃತ್ತಿ ಮಾಡುತ್ತಿದ್ದ ಸ್ಪ್ಯಾನಿಷ್ ವೈದ್ಯರು. ತಮ್ಮ ನಾಡಿನವನಿಗೆ ನೊಬೆಲ್ ಬಂದ ಸಂತೋಷಕ್ಕೆ ಅವರು ಹಣ ಕೂಡಿಸಿ ಕಳುಹಿಸಿದ್ದರು. ಅದು ಈ ಗ್ರಂಥವಾಯಿತು. ಹೊರನಾಡಿನಲ್ಲಿ ಕುಳಿತ ವೈದ್ಯರು ತಾಯ್ನುಡಿಯ ಒಂದು ಪುಸ್ತಕಕ್ಕಾಗಿ ಹಣ ಹಾಕಿದ ಈ ಸಂಗತಿಯನ್ನು ಓದಿದಾಗ ನನಗೆ ನಮ್ಮ ಕೂಟದ ನೆನಪಾಗದೆ ಇರಲಿಲ್ಲ. ದುರದೃಷ್ಟವಶಾತ್ 1914ರಲ್ಲಿ ಮಹಾಯುದ್ಧ ಹೊತ್ತಿಕೊಂಡು ದೇಶ ದೇಶಗಳ ನಡುವೆ ವಿದ್ವಾಂಸರ ಸಂಪರ್ಕವೇ ಕಡಿದುಹೋಯಿತು. ರಾವುಲ್ ಮೇ ಎಂಬಾತನ ಇಂಗ್ಲಿಷ್ ಅನುವಾದ ಬಂದದ್ದು 1928ರಲ್ಲಿ.

ಎರಡನೆಯ ಸಂಪುಟದ ಕೊನೆಯ ಭಾಗದಲ್ಲಿ ಆ ಪ್ರಸಿದ್ಧ ಮಾತಿದೆ. ಅದರ ಮೊದಲ ಅರ್ಧದ ತಾತ್ಪರ್ಯ ಇದು: ಬೆಳವಣಿಗೆ ಮುಗಿದ ಮೇಲೆ ತಂತುಗಳ ಬೆಳೆಯುವ ಶಕ್ತಿಯ ಬುಗ್ಗೆ ಬತ್ತಿಹೋಗುತ್ತದೆ; ಬಲಿತ ಮಿದುಳಿನ ಮಾರ್ಗಗಳು ಸ್ಥಿರವಾದವು, ಬದಲಾಗದವು; ಅಲ್ಲಿ ಸಾಯುವುದುಂಟು, ಮರಳಿ ಹುಟ್ಟುವುದಿಲ್ಲ. ನಾವು ಕಲಿತದ್ದು ಇಷ್ಟೇ. ಆದರೆ ಅದರ ಬೆನ್ನಿಗೇ ಅವನು ಇನ್ನೊಂದು ಮಾತು ಸೇರಿಸಿದ್ದಾನೆ. ಇದೊಂದು ಕಠೋರ ತೀರ್ಪು. ಸಾಧ್ಯವಾದರೆ ಇದನ್ನು ಬದಲಿಸುವುದು ಮುಂದಿನ ಕಾಲದ ವಿಜ್ಞಾನದ ಕೆಲಸ ಎಂಬುದು ಅದರ ಅಭಿಪ್ರಾಯ. ಮೊದಲರ್ಧವನ್ನು ಪಠ್ಯಪುಸ್ತಕಗಳು ಒಂದರಿಂದೊಂದು ಎತ್ತಿಕೊಂಡು ಬಂದವು. ಎರಡನೆಯ ಅರ್ಧವನ್ನು ದಾರಿಯಲ್ಲಿ ಎಲ್ಲೋ ಬಿಟ್ಟುಬಂದವು. ಕಹಾಲನು ತಾನು ಕಂಡದ್ದನ್ನು ಹೇಳಿ ಮುಂದಿನವರಿಗೆ ಕೆಲಸ ಒಪ್ಪಿಸಿದ್ದನು. ನಾವು ಅದನ್ನು ಪ್ರಕೃತಿಯ ನಿಯಮವೆಂದು ತಿಳಿದು ಕೆಲಸವನ್ನೇ ಕೈಬಿಟ್ಟೆವು.

ಇದು ಕೇವಲ ಸಮಾಧಾನದ ಮಾತಾಗಿರಲಿಲ್ಲ, ಅದಕ್ಕೆ ಆಧಾರವಿತ್ತು. 1911ರಲ್ಲಿ ಅವನ ಶಿಷ್ಯ ಫ್ರಾನ್ಸಿಸ್ಕೊ ತೆಲ್ಯೊ ಮೊಲದ ಕಾಲಿನ ನರದ ತುಣುಕನ್ನು ಅದರ ಮಿದುಳಿನ ಹೊರಪದರದಲ್ಲಿ ನೆಟ್ಟು ನೋಡಿದ್ದನು. ಬೆಳೆಯಲಾರವು ಎನ್ನಲಾಗಿದ್ದ ಮಿದುಳಿನ ತಂತುಗಳು ಆ ತುಣುಕಿನೊಳಕ್ಕೆ ಬೆಳೆದು ಹೋದವು. ಅಂದರೆ ಬೀಜದಲ್ಲಿ ಶಕ್ತಿಯಿತ್ತು; ಮಣ್ಣು ಸರಿಯಿರಲಿಲ್ಲ. ಹಾಗೆಯೇ ಲಂಡನ್ನಿನ 1894ರ ಉಪನ್ಯಾಸದಲ್ಲಿ ಕಹಾಲನು ಮಿದುಳನ್ನು ತೋಟಕ್ಕೆ ಹೋಲಿಸಿ, ಅಭ್ಯಾಸದಿಂದ ಅದರ ಗಿಡಗಳು ಹೊಸ ಕೊಂಬೆಗಳನ್ನು ಬಿಡಬಲ್ಲವೆಂದು ಸೂಚಿಸಿದ್ದನು. ಮಾರ್ಗಗಳು ಸ್ಥಿರವೆಂದವನೂ ಕೊಂಬೆಗಳು ಚಿಗುರಬಲ್ಲವೆಂದವನೂ ಒಬ್ಬನೇ.

ತೆಲ್ಯೊ ಮಾಡಿದ ಪ್ರಯೋಗ ಸುಮಾರು ಎಪ್ಪತ್ತು ವರ್ಷ ಹೆಚ್ಚು ಕಡಿಮೆ ಮೂಲೆಗೆ ಬಿದ್ದಿತ್ತು. 1980 ಮತ್ತು 1981ರಲ್ಲಿ ಕೆನಡಾದ ಮಾಂಟ್ರಿಯಲ್ ನಗರದಲ್ಲಿ ಆಲ್ಬರ್ಟ್ ಅಗ್ವಾಯೊ ಮತ್ತು ಸಹೋದ್ಯೋಗಿಗಳು ಇಲಿಗಳ ಬೆನ್ನುಹುರಿಗೆ ಕಾಲಿನ ನರವನ್ನು ಸೇತುವೆಯಂತೆ ಕಸಿಮಾಡಿ, ಕೇಂದ್ರ ನರಮಂಡಲದ ತಂತುಗಳು ಅದರೊಳಗೆ ಸೆಂಟಿಮೀಟರುಗಟ್ಟಲೆ ಬೆಳೆಯುತ್ತವೆಂದು ಖಚಿತವಾಗಿ ತೋರಿಸಿದರು. ಮಣ್ಣಿನಲ್ಲಿ ಕೊರತೆ ಮಾತ್ರವಲ್ಲ, ಬೆಳವಣಿಗೆಯನ್ನು ತಡೆಯುವ ವಸ್ತುಗಳೂ ಇವೆಯೆಂದು 1988ರಲ್ಲಿ ಸ್ವಿಟ್ಜರ್ಲೆಂಡಿನ ಮಾರ್ಟಿನ್ ಶ್ವಾಬ್ ಅವರ ತಂಡ ತೋರಿಸಿತು.

ಬೆಳೆಯುವ ತಂತುವಿನ ತುದಿ ದಾರಿ ಹುಡುಕುವುದು ಹೇಗೆ ಎಂಬ ಪ್ರಶ್ನೆಗೂ ಕಹಾಲನ ಉತ್ತರ ಸಿದ್ಧವಿತ್ತು. ಗುರಿಯ ಕಡೆಯಿಂದ ಒಸರುವ ಯಾವುದೋ ರಾಸಾಯನಿಕ ಅದನ್ನು ಸೆಳೆಯುತ್ತಿರಬೇಕೆಂದು 1892ರಲ್ಲೇ ಊಹಿಸಿದ್ದನು. ಒಂದು ನೂರು ವರ್ಷದ ಮೇಲೆ, 1994ರಲ್ಲಿ, ಕ್ಯಾಲಿಫೋರ್ನಿಯದ ವಿಜ್ಞಾನಿಗಳು ಸಾವಿರಾರು ಕೋಳಿಭ್ರೂಣಗಳ ಮಿದುಳಿನಿಂದ ಅಂಥ ಪ್ರೋಟೀನನ್ನು ಬೇರ್ಪಡಿಸಿದರು. ಅದಕ್ಕೆ ಅವರಿಟ್ಟ ಹೆಸರು ನೆಟ್ರಿನ್. ಈ ಹೆಸರು ಬಂದದ್ದು ಗ್ರೀಕಿನಿಂದಲ್ಲ, ಲ್ಯಾಟಿನ್ನಿನಿಂದಲೂ ಅಲ್ಲ. ದಾರಿ ತೋರಿಸುವವನು ಎಂಬರ್ಥದ ಸಂಸ್ಕೃತದ 'ನೇತೃ' ಶಬ್ದದಿಂದ. ನಾವು ಕನ್ನಡದಲ್ಲಿ ನೇತೃತ್ವ, ನೇತಾರ ಎನ್ನುವಾಗ ಬಳಸುವ ಅದೇ ಶಬ್ದ. ನಮ್ಮ ಶಬ್ದಗಳಿಗೆ ಇಂದಿನ ವಿಜ್ಞಾನವನ್ನು ಹೇಳುವ ಕಸುವಿಲ್ಲ ಎನ್ನುವವರಿಗೆ ನಾನು ಈ ಉದಾಹರಣೆಯನ್ನು ಕೊಡುವುದುಂಟು.

ಹಾಗೆಂದು ಅತಿಯಾದ ಆಸೆ ಹುಟ್ಟಿಸಲಾರೆ. ವೈದ್ಯನಾದವನು ಸುಳ್ಳು ಹೇಳಬಾರದು. ವಯಸ್ಕರ ಮಿದುಳಿನಲ್ಲಿ ಹೊಸ ನರಕೋಶ ಹುಟ್ಟುತ್ತದೆಯೇ ಎಂಬ ಚರ್ಚೆ ಇನ್ನೂ ಮುಗಿದಿಲ್ಲ. 1962ರಲ್ಲಿ ಜೋಸೆಫ್ ಆಲ್ಟ್‌ಮನ್ ಇಲಿಗಳಲ್ಲಿ ಅಂಥ ಕುರುಹು ಕಂಡಾಗ ಹೆಚ್ಚಿನವರು ನಂಬಲಿಲ್ಲ. 1998ರಲ್ಲಿ ಮನುಷ್ಯರಲ್ಲೂ ಕುರುಹು ಸಿಕ್ಕಿತೆಂಬ ವರದಿ ಬಂದಿತು. 2018ರಲ್ಲಿ ಕೆಲವೇ ವಾರಗಳ ಅಂತರದಲ್ಲಿ ಒಂದು ತಂಡ ಇಲ್ಲವೆಂದಿತು, ಇನ್ನೊಂದು ತಂಡ ಉಂಟೆಂದಿತು. ಬೆನ್ನುಹುರಿ ಪೂರ್ತಿ ಕಡಿದವರನ್ನು ಮೊದಲಿನಂತೆ ಮಾಡುವ ಮದ್ದು ಇಂದಿಗೂ ಇಲ್ಲ. ಆದರೆ 2018ರಲ್ಲಿ ಅಮೆರಿಕ ಮತ್ತು ಸ್ವಿಟ್ಜರ್ಲೆಂಡಿನ ತಂಡಗಳು, ಬೆನ್ನುಹುರಿಯ ಹೊರಗೆ ವಿದ್ಯುತ್ ಪ್ರಚೋದಕವನ್ನಿಟ್ಟು ತಿಂಗಳುಗಟ್ಟಲೆ ತರಬೇತಿ ಕೊಟ್ಟ ಮೇಲೆ ಕಾಲು ಸೋತಿದ್ದ ಕೆಲವರು ಆಧಾರ ಹಿಡಿದು ಹೆಜ್ಜೆಯಿಟ್ಟರೆಂದು ವರದಿ ಮಾಡಿದವು. ಅದು ನರ ಮರಳಿ ಹುಟ್ಟಿದ್ದಲ್ಲ. ಅಳಿದುಳಿದ ನರಗಳನ್ನು ಎಬ್ಬಿಸಿ ದುಡಿಸಿಕೊಂಡದ್ದು. ತೀರ್ಪು ರದ್ದಾಗಿಲ್ಲ. ಮೇಲ್ಮನವಿ ಮಾತ್ರ ವಿಚಾರಣೆಯಲ್ಲಿದೆ.

ಅಂದು ಆ ತಾಯಿಗೆ ನಾನು ಹೇಳಿದ್ದರಲ್ಲಿ ತಪ್ಪು ಯಾವುದು ಎಂದು ಅನೇಕ ಸಲ ಯೋಚಿಸಿದ್ದೇನೆ. ಅವರ ಗಂಡನ ಕಾಲು ಬರುವುದಿಲ್ಲ ಎಂದದ್ದು ಸುಳ್ಳಲ್ಲ. ಅಂದಿಗೂ ನಿಜ, ಬಹುಶಃ ಇಂದಿಗೂ ನಿಜ. ತಪ್ಪಿದ್ದುದು 'ಏನೂ ಮಾಡುವ ಹಾಗಿಲ್ಲ' ಎಂಬಲ್ಲಿ. ನರ ಹುಟ್ಟುವುದಿಲ್ಲ ಎಂಬ ಮಾತಿಗೂ ಮಾಡುವ ಕೆಲಸವಿಲ್ಲ ಎಂಬ ಮಾತಿಗೂ ಬಹಳ ಅಂತರವಿದೆ. ಇಷ್ಟೆಲ್ಲ ಕಂಡ ಕಹಾಲನೇ, ತೀರ್ಪು ಕಠೋರವೆಂದು ಒಪ್ಪಿಕೊಂಡೂ, ಅಲ್ಲಿಗೆ ಮಾತು ನಿಲ್ಲಿಸಲಿಲ್ಲ. ಇಪ್ಪತ್ತಮೂರು ವಯಸ್ಸಿನ ಹೌಸ್ ಸರ್ಜನ್ ನಾನು ನಿಲ್ಲಿಸಿಬಿಟ್ಟೆ.

ಕಹಾಲನು 1934ರ ಅಕ್ಟೋಬರ್ 17ರಂದು ಮ್ಯಾಡ್ರಿಡಿನಲ್ಲಿ ತೀರಿಕೊಂಡನು. ಅವನು ತನ್ನ ಭಾಷೆಯಲ್ಲಿ ಬರೆದನು. ಕೋಲಿಕರನು ಅದನ್ನು ಓದಲು ಆ ಭಾಷೆ ಕಲಿತನು. ಅರ್ಜೆಂಟೀನದ ವೈದ್ಯರು ಅಚ್ಚಿನ ಖರ್ಚು ಕೊಟ್ಟರು. ಕನ್ನಡದಲ್ಲಿಯೂ ಇಂಥ ದೊಡ್ಡ ಮನಸ್ಸಿನವರಿಗೆ ಕೊರತೆಯಿರಲಿಲ್ಲ. ಶಿವರಾಮ ಕಾರಂತರು ಒಬ್ಬರೇ ಕುಳಿತು 'ವಿಜ್ಞಾನ ಪ್ರಪಂಚ'ದ ನಾಲ್ಕು ಸಂಪುಟಗಳನ್ನು ಬರೆಯಲಿಲ್ಲವೇ? ಅಷ್ಟು ದೊಡ್ಡ ಕೆಲಸ ನಮ್ಮಿಂದಾಗದು. ಆದರೆ ಈ ಕೂಟದಲ್ಲಿರುವ ವೈದ್ಯ ಮಿತ್ರರ ಮುಂದೆ ಒಂದು ಸಣ್ಣ ಕೋರಿಕೆ ಇಡುತ್ತೇನೆ. ಬೆನ್ನುಹುರಿಗೆ ಪೆಟ್ಟು ಬಿದ್ದವರನ್ನು ಮನೆಯಲ್ಲಿ ಹೇಗೆ ನೋಡಿಕೊಳ್ಳಬೇಕೆಂದು, ಹಳ್ಳಿಯ ಹೆಣ್ಣುಮಗಳೊಬ್ಬಳು ಓದಿ ತಿಳಿಯುವಂಥ ಕನ್ನಡದಲ್ಲಿ, ನಾಲ್ಕು ಪುಟದ ಕೈಹೊತ್ತಗೆಯೊಂದನ್ನು ಬರೆಯೋಣ. ಅಚ್ಚಿನ ಖರ್ಚನ್ನು ಹಂಚಿಕೊಳ್ಳೋಣ. ಮುಂದಿನ ರಜೆಯಲ್ಲಿ ಊರಿಗೆ ಹೋಗುವವರು ತಲಾ ಐವತ್ತು ಪ್ರತಿ ಒಯ್ದು ತಮ್ಮ ತಾಲ್ಲೂಕು ಆಸ್ಪತ್ರೆಯಲ್ಲಿ ಕೊಟ್ಟು ಬರಲಿ. ಮೊದಲ ಪುಟವನ್ನು ನಾನು ಬರೆದು ತಂದಿದ್ದೇನೆ. ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಿ ಎಂಬುದು ಅದರ ಮೊದಲ ಸಾಲು.